ಇಲ್ಲ ಎಂದವರ ಮನೆಗಳು: ಎನ್ಸ್‌ಕೆಡೆ, ಸಿದ್ದಾಪುರ ಮತ್ತು ಬೇತ್ ಸಾಹೂರ್

ಪ್ಯಾಲೆಸ್ಟೀನ್ ಮತ್ತು ಇಸ್ರೇಲ್‌ನ ವಿಷಯ ನಮ್ಮ ಮನೆಗಳಿಗೆ ಬೇಡವೆಂದರೂ ಬರುತ್ತದೆ. ಮಕ್ಕಳು ಶಾಲೆಯಿಂದ ತರುತ್ತಾರೆ, ಫೋನು ತರುತ್ತದೆ. 2025ರ ಮೇ 18ರಂದು ಹೇಗ್ ನಗರದಲ್ಲಿ ಕೆಂಪು ಬಟ್ಟೆ ತೊಟ್ಟು ನಡೆದ ದೊಡ್ಡ ಮೆರವಣಿಗೆಯನ್ನು ಈ ದೇಶದಲ್ಲಿ ಗಮನಿಸದವರು ಕಡಿಮೆ. ನಮ್ಮ ಕನ್ನಡ ಕುಟುಂಬಗಳಲ್ಲೂ ಈ ಬಗ್ಗೆ ಒಂದೇ ಅಭಿಪ್ರಾಯವಿಲ್ಲ. ಆದರೆ ವಾದ ಎಲ್ಲಿಂದ ಶುರುವಾದರೂ ಬಹುಮಟ್ಟಿಗೆ ಒಂದೇ ಮಾತಿನಲ್ಲಿ ಮುಗಿಯುತ್ತದೆ: ‘ಗಾಂಧಿಯ ದಾರಿ ಅಲ್ಲೆಲ್ಲ ನಡೆಯುವುದಿಲ್ಲ.’

ಈ ಮಾತು ಎಷ್ಟು ಸರಿ ಎಂದು ನೋಡಲು ನಾನು ಇತಿಹಾಸದ ಮೂರು ಊರುಗಳನ್ನು ಆರಿಸಿಕೊಂಡಿದ್ದೇನೆ. ಒಂದು, ನಾವು ವಾಸವಾಗಿರುವ ಎನ್ಸ್‌ಕೆಡೆ ಮತ್ತು ಅದರ ಸುತ್ತಲಿನ ಟ್ವೆಂಟೆ ಪ್ರದೇಶ. ಎರಡು, ಉತ್ತರ ಕನ್ನಡದ ಸಿದ್ದಾಪುರ ಮತ್ತು ಅಂಕೋಲಾ. ಮೂರು, ಬೆತ್ಲೆಹೆಮ್‌ಗೆ ಅಂಟಿಕೊಂಡಿರುವ ಬೇತ್ ಸಾಹೂರ್. ಮೂರೂ ಕಡೆ ಸಾಮಾನ್ಯ ಜನ ಆಯುಧ ಹಿಡಿಯದೆ ಒಂದು ಆಡಳಿತಕ್ಕೆ ‘ಇಲ್ಲ’ ಎಂದರು.

ಆರಂಭದಲ್ಲೇ ಒಂದು ಎಚ್ಚರಿಕೆ. ಈ ಮೂರನ್ನು ಅಕ್ಕಪಕ್ಕ ಇಡುವುದೆಂದರೆ ಮೂರೂ ಒಂದೇ ಎಂದಲ್ಲ. ನಾಜಿಗಳು ಒಂದು ಜನಾಂಗವನ್ನೇ ಅಳಿಸಲು ಹೊರಟಿದ್ದರು. ಬ್ರಿಟಿಷರು ವಸಾಹತು ನಡೆಸುತ್ತಿದ್ದರು. 1967ರಿಂದ ಪಶ್ಚಿಮ ದಂಡೆಯಲ್ಲಿರುವುದು ಇಸ್ರೇಲಿನ ಸೈನಿಕ ಆಡಳಿತ. ಆ ದೇಶದ ನಾಗರಿಕರಲ್ಲಿ ಅನೇಕರು ಯುರೋಪಿನ ಯಹೂದಿ ಹತ್ಯಾಕಾಂಡದಿಂದ ಉಳಿದು ಬಂದವರ ಮಕ್ಕಳು, ಮೊಮ್ಮಕ್ಕಳು. ನಾನು ಹೋಲಿಸುತ್ತಿರುವುದು ಆಳಿದವರನ್ನಲ್ಲ, ಇಲ್ಲ ಎಂದವರನ್ನು. ಹಾಗೆ ಹೇಳಿದ ಮೇಲೆ ಅವರು ಏನು ತಿಂದರು, ಎಲ್ಲಿ ಮಲಗಿದರು, ಎದುರಾಳಿಯ ಕಡೆಯ ಜನರೊಡನೆ ಹೇಗೆ ನಡೆದುಕೊಂಡರು ಎಂಬುದನ್ನು.

ಹೆಂಗೆಲೊದ ಟೆಲಿಫೋನು

ಟ್ವೆಂಟೆ ಜವಳಿ ಗಿರಣಿಗಳ ನಾಡು. ಇಂದು ಗಿರಣಿಗಳು ಮುಚ್ಚಿವೆ, ಕೆಲವು ಕಟ್ಟಡಗಳಷ್ಟೇ ಮನೆಗಳಾಗಿ, ಕಚೇರಿಗಳಾಗಿ ಉಳಿದಿವೆ. ಇಲ್ಲಿಯ ಕಾರ್ಮಿಕರಿಗೆ ಮುಷ್ಕರ ಹೊಸದಾಗಿರಲಿಲ್ಲ. ಕೂಲಿ ಕಡಿತದ ವಿರುದ್ಧ 1923–24ರಲ್ಲಿ ಒಮ್ಮೆ, 1931ರ ಕೊನೆಯಿಂದ 1932ರ ವಸಂತದವರೆಗೆ ಇನ್ನೊಮ್ಮೆ ತಿಂಗಳುಗಟ್ಟಲೆ ಕೆಲಸ ಬಿಟ್ಟು ಕೂತಿದ್ದರು. ಎರಡೂ ಸಲ ಸೋತರು. ಆದರೆ ಕೂಲಿ ಇಲ್ಲದೆ ಚಳಿಗಾಲ ಕಳೆಯುವುದು ಹೇಗೆ, ಯಾರ ಮನೆಯಲ್ಲಿ ಹಿಟ್ಟು ಮುಗಿದಿದೆ ಎಂದು ತಿಳಿದುಕೊಳ್ಳುವುದು ಹೇಗೆ ಎಂಬ ಪಾಠ ಕೇರಿಕೇರಿಗೂ ಆಗಿತ್ತು.

1940ರ ಮೇ 10ರಂದು ಜರ್ಮನಿ ನೆದರ್ಲೆಂಡ್ಸ್ ಮೇಲೆ ದಾಳಿ ಮಾಡಿತು. ಗಡಿಯಲ್ಲೇ ಇರುವ ಎನ್ಸ್‌ಕೆಡೆ ಅಂದೇ ಅವರ ವಶವಾಯಿತು. ಮೂರು ವರ್ಷದ ನಂತರ, 1943ರ ಏಪ್ರಿಲ್ 29ರಂದು, ಜರ್ಮನ್ ಸೇನಾಧಿಕಾರಿ ಕ್ರಿಸ್ಟಿಯಾನ್‌ಸೆನ್ ಒಂದು ಪ್ರಕಟಣೆ ಹೊರಡಿಸಿದ. 1940ರಲ್ಲಿ ಸೆರೆ ಸಿಕ್ಕಿ ಬಿಡುಗಡೆಯಾಗಿದ್ದ ಸುಮಾರು 3 ಲಕ್ಷ ಡಚ್ ಸೈನಿಕರು ಮತ್ತೆ ಸೆರೆಗೆ ಬರಬೇಕು ಎಂಬುದು ಅದರ ಸಾರ. ಅವರನ್ನು ಜರ್ಮನಿಯ ಕಾರ್ಖಾನೆಗಳಲ್ಲಿ ದುಡಿಸುವುದಕ್ಕಾಗಿಯೇ ಕರೆಯುತ್ತಿದ್ದಾರೆ ಎಂಬುದು ಎಲ್ಲರಿಗೂ ಅರ್ಥವಾಯಿತು.

ನಮ್ಮ ನೆರೆಯ ಹೆಂಗೆಲೊದಲ್ಲಿ ಸ್ಟೊರ್ಕ್ ಎಂಬ ಯಂತ್ರ ಕಾರ್ಖಾನೆ. ಸುದ್ದಿ ತಲುಪಿದ ಅದೇ ದಿನ ಅಲ್ಲಿನ ಕೆಲಸಗಾರರು ಯಂತ್ರ ನಿಲ್ಲಿಸಿ ಹೊರಗೆ ನಡೆದರು. ಅವರಿಗೆ ಯಾವ ನಾಯಕನೂ ಕರೆ ಕೊಟ್ಟಿರಲಿಲ್ಲ. ಕಾರ್ಖಾನೆಯ ಟೆಲಿಫೋನು ಆಪರೇಟರ್ ಫೇಮಿ ಎಫ್ಟಿಂಕ್ ಎಂಬ ಯುವತಿ ತನ್ನ ಮೇಜಿನಲ್ಲಿ ಕೂತು, ಸ್ಟೊರ್ಕ್ ಕೆಲಸ ನಿಲ್ಲಿಸಿದೆ, ನೀವೂ ನಿಲ್ಲಿಸಿ ಎಂದು ಬೇರೆ ಕಾರ್ಖಾನೆಗಳಿಗೆ ಸುದ್ದಿ ಮುಟ್ಟಿಸಿದಳು. ಎನ್ಸ್‌ಕೆಡೆಯ ಗಿರಣಿಗಳು ನಿಂತವು. ಮುಷ್ಕರ ಬಹುಬೇಗ ದೇಶದ ಬೇರೆ ಭಾಗಗಳಿಗೆ ಹರಡಿ, ಲಕ್ಷಾಂತರ ಜನ ಸೇರಿಕೊಂಡರು. ಹಳ್ಳಿಗಳಲ್ಲಿ ರೈತರು ಡೈರಿಗೆ ಹಾಲು ಕೊಡುವುದನ್ನು ನಿಲ್ಲಿಸಿದರು. ಹೀಗಾಗಿ ಕೆಲವು ಪ್ರಾಂತಗಳಲ್ಲಿ ಅದನ್ನು ಇಂದಿಗೂ ‘ಹಾಲಿನ ಮುಷ್ಕರ’ ಎಂದೇ ಕರೆಯುತ್ತಾರೆ.

ಜರ್ಮನ್ನರು ದಿಢೀರ್ ವಿಚಾರಣೆಯ ಕಾನೂನು ಹೇರಿದರು. ಸುಮಾರು 80 ಜನರನ್ನು ಶಿಕ್ಷೆಯ ಹೆಸರಿನಲ್ಲಿ ಗುಂಡಿಟ್ಟು ಕೊಂದರು; ಬೀದಿಯಲ್ಲಿ ಸಿಕ್ಕ ಸಿಕ್ಕವರ ಮೇಲೆ ಹಾರಿಸಿದ ಗುಂಡಿಗೆ ಅಷ್ಟೇ ಸಂಖ್ಯೆಯ ಅಥವಾ ಅದಕ್ಕೂ ಹೆಚ್ಚು ಜನ ಬಲಿಯಾದರು. ಹೆಚ್ಚಿನ ಊರುಗಳಲ್ಲಿ ಮುಷ್ಕರ ಕೆಲವೇ ದಿನಗಳಲ್ಲಿ ಮುರಿಯಿತು. ಅದೇ ಮೇ ತಿಂಗಳಲ್ಲಿ ಜನರ ರೇಡಿಯೋಗಳನ್ನೆಲ್ಲ ಒಪ್ಪಿಸಬೇಕೆಂಬ ಆಜ್ಞೆ ಬಂತು.

ಇಷ್ಟಕ್ಕೇ ಕತೆ ನಿಲ್ಲಿಸಿದರೆ ‘ನಡೆಯುವುದಿಲ್ಲ’ ಎಂಬ ವಾದ ಗೆದ್ದಂತೆ. ಆದರೆ ಮುಷ್ಕರ ಸೋತ ನಂತರ ನಡೆದದ್ದೇ ಮುಖ್ಯ. ಕರೆ ಬಂದ ಸೈನಿಕರಲ್ಲಿ ಬಹುಪಾಲು ಜನ ಹೋಗಲೇ ಇಲ್ಲ. ಕೆಲಸಕ್ಕೆ ಕರೆ ಬಂದ ಯುವಕರೂ ಹೋಗಲಿಲ್ಲ. ಅವರೆಲ್ಲ ಅಡಗಿಕೊಂಡರು. ಡಚ್ ಭಾಷೆಯಲ್ಲಿ ಇದಕ್ಕೊಂದು ಸೊಗಸಾದ ಮಾತಿದೆ: ‘ಒಂಡರ್‌ಡೌಕನ್’, ಅಂದರೆ ನೀರಿನಲ್ಲಿ ಮುಳುಗು ಹಾಕುವುದು. ಯುದ್ಧ ಮುಗಿಯುವ ಹೊತ್ತಿಗೆ ಈ ದೇಶದಲ್ಲಿ ಹೀಗೆ ಮುಳುಗಿದವರು 3 ಲಕ್ಷಕ್ಕೂ ಹೆಚ್ಚು. ಅಷ್ಟು ಜನ ಮುಳುಗಬೇಕಾದರೆ ಅವರನ್ನು ಮುಚ್ಚಿಟ್ಟುಕೊಂಡ ಮನೆಗಳು ಎಷ್ಟಿರಬೇಕು! ಪಡಿತರ ಚೀಟಿಯಿಲ್ಲದೆ ರೊಟ್ಟಿ ಸಿಗದ ಕಾಲ. ಅಡಗಿದವನಿಗೆ ಚೀಟಿ ಇಲ್ಲ. ಅವನ ಊಟ ಇನ್ನೊಬ್ಬರ ತಟ್ಟೆಯಿಂದಲೇ ಬರಬೇಕು, ಇಲ್ಲವೇ ಕದ್ದ ಚೀಟಿಯಿಂದ. ಬೀದಿಯಲ್ಲಿ ಮೂರು ದಿನದಲ್ಲಿ ಸೋತದ್ದು ಕೊಟ್ಟಿಗೆ, ಅಟ್ಟ, ಅಡುಗೆಮನೆಗಳಲ್ಲಿ ಎರಡು ವರ್ಷ ಮುಂದುವರಿಯಿತು.

ಎನ್ಸ್‌ಕೆಡೆಯ ಯಹೂದಿಗಳು ಮತ್ತು ಪಾದ್ರಿ ಓವರ್‌ಡೌನ್

ಪ್ರಿನ್ಸೆಸ್ಟ್ರಾಟ್‌ನಲ್ಲಿರುವ, ತಾಮ್ರದ ಗುಮ್ಮಟದ ಸಿನಗಾಗ್ ನಮ್ಮ ಊರಿನ ಹೆಮ್ಮೆಯ ಕಟ್ಟಡ. ಕಾರೆಲ್ ಡ ಬಾಜೆಲ್ ಎಂಬ ಹೆಸರಾಂತ ವಾಸ್ತುಶಿಲ್ಪಿಯ ವಿನ್ಯಾಸ, 1928ರಲ್ಲಿ ಪೂರ್ಣಗೊಂಡದ್ದು. ಜವಳಿ ಉದ್ಯಮದಿಂದ ಬೆಳೆದ ಒಂದು ಸಮುದಾಯದ ಆತ್ಮವಿಶ್ವಾಸ ಅದರಲ್ಲಿ ಕಾಣುತ್ತದೆ.

1941ರ ಸೆಪ್ಟೆಂಬರ್‌ನಲ್ಲಿ, ಟೆಲಿಫೋನು ತಂತಿ ಕತ್ತರಿಸಿದ್ದಕ್ಕೆ ಪ್ರತೀಕಾರವೆಂದು ಟ್ವೆಂಟೆಯ ನೂರಕ್ಕೂ ಹೆಚ್ಚು ಯಹೂದಿ ಗಂಡಸರನ್ನು ಹಿಡಿದು ಮೌಟ್‌ಹೌಸನ್ ಶಿಬಿರಕ್ಕೆ ಸಾಗಿಸಿದರು. ಅವರಲ್ಲಿ ಯಾರೂ ಹಿಂತಿರುಗಲಿಲ್ಲ. ಕೆಲವೇ ವಾರಗಳಲ್ಲಿ ಒಬ್ಬೊಬ್ಬರ ಸಾವಿನ ಸುದ್ದಿ ಮನೆಗಳಿಗೆ ಬರತೊಡಗಿತು. ಇದರಿಂದ ಊರಿನ ಯಹೂದಿ ಮುಖಂಡರು ಒಂದು ತೀರ್ಮಾನಕ್ಕೆ ಬಂದರು. ಜರ್ಮನ್ನರು ಎಲ್ಲೆಡೆ ‘ಯಹೂದಿ ಮಂಡಳಿ’ಗಳನ್ನು ರಚಿಸಿ, ಅವುಗಳ ಮೂಲಕವೇ ಆಜ್ಞೆಗಳನ್ನು ಜಾರಿ ಮಾಡಿಸುತ್ತಿದ್ದರು. ಆಂಸ್ಟರ್‌ಡ್ಯಾಮ್‌ನ ಮಂಡಳಿ, ಆಜ್ಞೆ ಪಾಲಿಸಿದರೆ ಇನ್ನೂ ಕೆಟ್ಟದ್ದನ್ನು ತಪ್ಪಿಸಬಹುದು ಎಂದು ನಂಬಿತ್ತು. ಎನ್ಸ್‌ಕೆಡೆಯ ಮಂಡಳಿಯ ಸಿಗ್ ಮೆಂಕೊ, ಜೆರಾರ್ಡ್ ಸಾಂಡರ್ಸ್, ಇಸಿಡೋರ್ ವಾನ್ ಡಾಮ್ ಈ ಮೂವರು ಹಾಗೆ ನಂಬಲಿಲ್ಲ. ಕರೆ ಬಂದರೆ ಹೋಗಬೇಡಿ, ಅಡಗಿಕೊಳ್ಳಿ ಎಂದು ತಮ್ಮ ಜನರಿಗೆ ಹೇಳಿದರು. ಗಿರಣಿ ಮಾಲೀಕರ ಹಣ ಇದಕ್ಕೆ ನೆರವಾಯಿತು.

ಹೇಳುವುದು ಸುಲಭ, ಅಡಗುವುದು ಎಲ್ಲಿ? ಇಲ್ಲಿ ಲೇಂಡರ್ಟ್ ಓವರ್‌ಡೌನ್ ಬರುತ್ತಾರೆ. 1900ರಲ್ಲಿ ಹುಟ್ಟಿದ ಇವರು ಎನ್ಸ್‌ಕೆಡೆಯ ಒಂದು ಸಣ್ಣ ಪ್ರೊಟೆಸ್ಟೆಂಟ್ ಪಂಗಡದ ಪಾದ್ರಿ. ತಮ್ಮ ಸೋದರಿಯರು ಮತ್ತು ಹತ್ತಾರು ಸಹಾಯಕರ ಜೊತೆ ಇವರು ಒಂದು ಜಾಲ ಕಟ್ಟಿದರು. ಯಹೂದಿ ಕುಟುಂಬಗಳಿಗೆ ಮನೆ ಹುಡುಕುವುದು, ಅಪಾಯ ಬಂದಾಗ ಬೇರೆ ಮನೆಗೆ ಸಾಗಿಸುವುದು, ಪಡಿತರ ಚೀಟಿ ಒದಗಿಸುವುದು ಅದರ ಕೆಲಸ. ಇವರನ್ನು ಪೊಲೀಸರು ಹಿಡಿದದ್ದುಂಟು. ಬಿಡುಗಡೆಯಾದ ಮೇಲೆ ಅದೇ ಕೆಲಸಕ್ಕೆ ಮರಳಿದರು. ಈ ಗುಂಪು ನೆರವಾದವರ ಸಂಖ್ಯೆ ಸಾವಿರದ ಹತ್ತಿರ ಎಂಬ ಅಂದಾಜಿದೆ. ನೆದರ್ಲೆಂಡ್ಸ್‌ನ ಸುಮಾರು 1,40,000 ಯಹೂದಿಗಳಲ್ಲಿ ಒಂದು ಲಕ್ಷಕ್ಕೂ ಹೆಚ್ಚು ಜನ ಕೊಲೆಯಾದರು, ಅಂದರೆ ನಾಲ್ವರಲ್ಲಿ ಮೂವರು. ಎನ್ಸ್‌ಕೆಡೆಯಲ್ಲಿ ಬದುಕುಳಿದವರ ಪ್ರಮಾಣ ಇದಕ್ಕಿಂತ ಎದ್ದು ಕಾಣುವಷ್ಟು ಹೆಚ್ಚು. ಆದರೂ ಈ ಸಮುದಾಯದ ಬಹಳಷ್ಟು ಜನ ಮರಳಲಿಲ್ಲ ಎಂಬುದನ್ನು ಮರೆಯಬಾರದು. ಇಸ್ರೇಲಿನ ಯಾದ್ ವಾಶೆಮ್ ಸಂಸ್ಥೆ 1973ರಲ್ಲಿ ಓವರ್‌ಡೌನ್ ಅವರನ್ನು ಗೌರವಿಸಿತು. 1976ರಲ್ಲಿ ಅವರು ತೀರಿಕೊಂಡರು.

ಅವರ ಜೀವನದ ಇನ್ನೊಂದು ಭಾಗವನ್ನು ಊರು ಅಷ್ಟಾಗಿ ಹೇಳಿಕೊಳ್ಳಲಿಲ್ಲ. 1945ರ ಏಪ್ರಿಲ್ 1ರಂದು ಎನ್ಸ್‌ಕೆಡೆ ಬಿಡುಗಡೆಯಾಯಿತು. ನಾಜಿಗಳೊಡನೆ ಕೈಜೋಡಿಸಿದ್ದ ಎನ್‌ಎಸ್‌ಬಿ ಪಕ್ಷದವರನ್ನು ಜನ ಬೀದಿಗೆಳೆದರು. ದೇಶದಾದ್ಯಂತ ಲಕ್ಷಕ್ಕೂ ಹೆಚ್ಚು ಜನರನ್ನು ಶಿಬಿರಗಳಲ್ಲಿ ಕೂಡಿಹಾಕಲಾಯಿತು. ಅವರ ಮಕ್ಕಳನ್ನು ಯಾರೂ ಮುಟ್ಟಿಸಿಕೊಳ್ಳದ ಸ್ಥಿತಿ. ಆಗ ಓವರ್‌ಡೌನ್ ಆ ಕುಟುಂಬಗಳ ನೆರವಿಗೆ ನಿಂತರು. ನಿನ್ನೆಯವರೆಗೆ ಅವರನ್ನು ವೀರನೆಂದವರಲ್ಲೇ ಅನೇಕರಿಗೆ ಇದು ಸಹಿಸಲಿಲ್ಲ. ಆದರೆ ಪಾದ್ರಿಯ ಲೆಕ್ಕ ನೇರವಾಗಿತ್ತು. ಅಟ್ಟಿಸಿಕೊಂಡು ಬಂದವನಿಗೆ ಬಾಗಿಲು ತೆರೆಯಬೇಕು; ಅವನು ಯಾರ ಮಗನೆಂದು ಆಮೇಲೆ ಕೇಳಿದರಾಯಿತು. ಪ್ರತಿರೋಧ ಮತ್ತು ಶಾಂತಿ ಕಟ್ಟುವ ಕೆಲಸ ಎರಡನ್ನೂ ಒಬ್ಬನೇ ಮನುಷ್ಯ ಒಂದೇ ಜಾಗದಿಂದ ಮಾಡಿದ ಉದಾಹರಣೆ ನಮ್ಮ ಊರಿನಲ್ಲೇ ಇದೆ.

ಕೊಂಡವರ ಮನೆಯೆದುರು ಉಪವಾಸ

ಟ್ವೆಂಟೆಯ ನೇಕಾರರು 1931–32ರ ಚಳಿಗಾಲ ಮುಷ್ಕರದಲ್ಲಿದ್ದ ಹೊತ್ತಿಗೆ, ಆಗ ಮುಂಬಯಿ ಪ್ರಾಂತಕ್ಕೆ ಸೇರಿದ್ದ ನಮ್ಮ ಉತ್ತರ ಕನ್ನಡದಲ್ಲಿ ಇನ್ನೊಂದು ಬಗೆಯ ಅಸಹಕಾರ ನಡೆಯುತ್ತಿತ್ತು. 1930ರ ಏಪ್ರಿಲ್ 13ರಂದು ಎಂ.ಪಿ. ನಾಡಕರ್ಣಿಯವರ ಮುಂದಾಳುತನದಲ್ಲಿ ಅಂಕೋಲೆಯ ಕಡಲತೀರದಲ್ಲಿ ಉಪ್ಪಿನ ಸತ್ಯಾಗ್ರಹ ನಡೆದದ್ದು ಪಠ್ಯಪುಸ್ತಕದಲ್ಲಿದೆ. ಅದರ ಬೆನ್ನಿಗೆ ಅಂಕೋಲಾ ಮತ್ತು ಸಿದ್ದಾಪುರ ತಾಲೂಕುಗಳಲ್ಲಿ ಬಂದ ಕರನಿರಾಕರಣೆ ನಮ್ಮ ಮಕ್ಕಳಿಗಿರಲಿ, ನಮ್ಮಲ್ಲೇ ಅನೇಕರಿಗೆ ಗೊತ್ತಿಲ್ಲ. ಅಂಕೋಲೆಗೆ ‘ಕರ್ನಾಟಕದ ಬಾರ್ಡೋಲಿ’ ಎಂಬ ಹೆಸರು ಬಂದದ್ದು ಇದರಿಂದ.

ಅದು ಜಗತ್ತಿನೆಲ್ಲೆಡೆ ಬೆಲೆ ಕುಸಿದ ಕಾಲ. ಬೆಳೆಗೆ ದರವಿಲ್ಲ, ಕಂದಾಯ ಮಾತ್ರ ಹಾಗೇ ಇತ್ತು. ರೈತರು ಭೂಕಂದಾಯ ಕೊಡುವುದಿಲ್ಲ ಎಂದರು. 1931ರ ಮಾರ್ಚ್‌ನ ಗಾಂಧಿ–ಇರ್ವಿನ್ ಒಪ್ಪಂದದಿಂದ ಚಳವಳಿ ನಿಂತು, 1932ರ ಆರಂಭದಲ್ಲಿ ಮತ್ತೆ ಹತ್ತಿಕೊಂಡಿತು. ಸರ್ಕಾರ ಗಂಡಸರನ್ನು ಜೈಲಿಗೆ ಕಳಿಸಿತು. ಗದ್ದೆ, ಅಡಿಕೆ ತೋಟ, ದನಕರು, ಪಾತ್ರೆಪಗಡ ಜಪ್ತಿಯಾಗಿ ಹರಾಜಿಗೆ ಬಂದವು.

ಹರಾಜಿನಲ್ಲಿ ಕೊಂಡವರು ಯಾರು? ಇಂಗ್ಲೆಂಡಿನಿಂದ ಬಂದವರಲ್ಲ. ಅಕ್ಕಪಕ್ಕದ ಹಳ್ಳಿಯವರು, ಕೆಲವೊಮ್ಮೆ ಬಳಗದವರೇ. ಇಂಥ ಕಡೆ ಹೋರಾಟ ಬಲುಬೇಗ ಕೈಕೈ ಮಿಲಾಯಿಸುವ ಮಟ್ಟಕ್ಕೆ ಇಳಿಯುತ್ತದೆ. ಸಿದ್ದಾಪುರ ಸೀಮೆಯಲ್ಲಿ ಹಾಗಾಗಲಿಲ್ಲ. ಗಂಡಂದಿರು ಜೈಲಿನಲ್ಲಿದ್ದಾಗ ಹೆಂಗಸರು ಜಪ್ತಿ ಮಾಲು ಕೊಂಡವರ ಮನೆಯ ಮುಂದೆ ಹೋಗಿ ಉಪವಾಸ ಕೂತರು. ಅಲ್ಲಿಯವರೆಗೆ ಊರಿನ ಎಲ್ಲೆ ದಾಟದವರೂ ಅವರಲ್ಲಿದ್ದರು. ಮನೆಯ ಅಂಗಳದಲ್ಲಿ ಒಬ್ಬ ತಾಯಿ ಅನ್ನ ನೀರು ಬಿಟ್ಟು ಕೂತಿರುವಾಗ ಮಲೆನಾಡಿನ ಯಾವ ಮನೆಯಲ್ಲಿ ಒಳಗೆ ಎಲೆ ಹಾಕಲಾದೀತು? ಅತಿಥಿಗೆ ಮೊದಲು ಬಡಿಸುವ ಆ ಸಂಸ್ಕಾರವನ್ನೇ ಅವರು ಹೋರಾಟದ ಸಾಧನ ಮಾಡಿಕೊಂಡರು. ಕೊಂಡವನನ್ನು ಶತ್ರು ಎನ್ನಲಿಲ್ಲ. ನೀನೂ ನಮ್ಮವನೇ, ಇದನ್ನು ತಿನ್ನಬೇಡ ಎಂದರು. ಜೋಗದ ದಾರಿಯ ಮಾವಿನಗುಂಡಿಯಲ್ಲಿ ಆ ಮಹಿಳೆಯರ ಸ್ಮಾರಕವಿದೆ. ಊರಿಗೆ ಹೋದಾಗ ಜಲಪಾತ ನೋಡಲು ಹೋಗುವವರು ಹತ್ತು ನಿಮಿಷ ಅಲ್ಲಿ ನಿಂತು ಹೋಗಬಹುದು.

1934ರ ಹರಿಜನ ಪ್ರವಾಸದಲ್ಲಿ ಗಾಂಧೀಜಿ ಈ ಸೀಮೆಗೆ ಬಂದು, ಎಲ್ಲ ಕಳೆದುಕೊಂಡ ಕುಟುಂಬಗಳನ್ನು ಕಂಡರು. ಹೋದ ಭೂಮಿಯನ್ನು ಹಿಂತಿರುಗಿಸುವ ದಾರಿ ತೆರೆದದ್ದು ಮುಂಬಯಿ ಪ್ರಾಂತದಲ್ಲಿ ಕಾಂಗ್ರೆಸ್ ಸರ್ಕಾರ ಬಂದ ಮೇಲೆ, 1938ರ ಕಾಯಿದೆಯಿಂದ. ಅಲ್ಲಿಯವರೆಗೆ ವರ್ಷಗಟ್ಟಲೆ ಅವರನ್ನು ಸಾಕಿದ್ದು ನೆಂಟರಿಷ್ಟರ ಮನೆಗಳು. ಇಲ್ಲೂ ಅಷ್ಟೆ: ಹೋರಾಟ ನಿಂತದ್ದು ಯಾರದೋ ಅಡುಗೆಮನೆಯ ಬಲದ ಮೇಲೆ.

ಬೇತ್ ಸಾಹೂರ್: ತೆರಿಗೆ, ಹಸು, ರೊಟ್ಟಿ

ಈಗ ಮೂರನೆಯ ಊರು. ಬೇತ್ ಸಾಹೂರ್ ಸುಮಾರು ಹತ್ತು ಸಾವಿರ ಜನರಿದ್ದ, ಹೆಚ್ಚಾಗಿ ಕ್ರೈಸ್ತರೇ ಇದ್ದ ಪ್ಯಾಲೆಸ್ಟೀನಿ ಪಟ್ಟಣ. ಏಸು ಹುಟ್ಟಿದ ಸುದ್ದಿಯನ್ನು ದೇವದೂತರು ಕುರುಬರಿಗೆ ತಿಳಿಸಿದ ಬಯಲು ಇದೇ ಎಂಬ ನಂಬಿಕೆಯಿದೆ.

1987ರ ಡಿಸೆಂಬರ್‌ನಲ್ಲಿ ಮೊದಲ ಇಂತಿಫಾದಾ, ಅಂದರೆ ಜನರ ಬಂಡಾಯ, ಆರಂಭವಾಯಿತು. ಹೊರಜಗತ್ತಿಗೆ ಕಂಡದ್ದು ಕಲ್ಲೆಸೆಯುವ ಹುಡುಗರು. ಆದರೆ ಅದರ ದೊಡ್ಡ ಭಾಗ ಮುಷ್ಕರ, ಬಹಿಷ್ಕಾರ, ಮುಚ್ಚಿದ ಶಾಲೆಗಳಿಗೆ ಬದಲಾಗಿ ಮನೆಯಲ್ಲೇ ಪಾಠ, ಕೇರಿ ಸಮಿತಿಗಳು. ಈ ಕಡೆಗೆ ದಾರಿ ತೋರಿದವರಲ್ಲಿ ಮುಬಾರಕ್ ಅವಾದ್ ಒಬ್ಬರು. 1948ರ ಯುದ್ಧದಲ್ಲಿ ತಂದೆಯನ್ನು ಕಳೆದುಕೊಂಡ ಈ ಮನಶ್ಶಾಸ್ತ್ರಜ್ಞ 1980ರ ದಶಕದ ಮಧ್ಯದಲ್ಲಿ ಜೆರುಸಲೆಮ್‌ನಲ್ಲಿ ಅಹಿಂಸೆಯ ಅಧ್ಯಯನ ಕೇಂದ್ರ ತೆರೆದಿದ್ದರು. 1988ರ ಜೂನ್‌ನಲ್ಲಿ ಇಸ್ರೇಲ್ ಅವರನ್ನು ಗಡೀಪಾರು ಮಾಡಿತು.

ಬೇತ್ ಸಾಹೂರಿನವರು ಸೈನಿಕ ಆಡಳಿತಕ್ಕೆ ತೆರಿಗೆ ಕೊಡುವುದನ್ನು ನಿಲ್ಲಿಸಿದರು. ಪ್ರಾತಿನಿಧ್ಯ ಇಲ್ಲದೆ ತೆರಿಗೆ ಇಲ್ಲ ಎಂಬುದು ಅವರ ನ್ಯಾಯ. ನೂರಾರು ಜನ ತಮ್ಮ ಗುರುತಿನ ಚೀಟಿಗಳನ್ನೂ ಹಿಂತಿರುಗಿಸಿದರು. ಹೊರಗಿನ ಸರಕು ಬೇಡವೆಂದ ಮೇಲೆ ಊಟಕ್ಕೇನು ಎಂಬ ಪ್ರಶ್ನೆ ಎದ್ದಿತು. ವಿಶ್ವವಿದ್ಯಾಲಯದ ಅಧ್ಯಾಪಕ ಜಾದ್ ಇಸಾಕ್ ಮತ್ತು ಗೆಳೆಯರು ಬೀಜ, ಸಸಿ ಹಂಚಿ ಮನೆ ಹಿತ್ತಲುಗಳಲ್ಲಿ ತರಕಾರಿ ಬೆಳೆಸಿದರು. ಇದಕ್ಕಾಗಿ ಅವರು ಸೆರೆವಾಸ ಅನುಭವಿಸಿದರು. ಊರಿನ ಕೆಲವರು ಸೇರಿ ಹಾಲಿಗಾಗಿ 18 ಹಸು ಕೊಂಡರು. ಕೊಂಡದ್ದು ಇಸ್ರೇಲಿನ ಒಂದು ಕಿಬ್ಬುತ್ಸ್‌ನಿಂದ! ಹಸುಗಳು ಭದ್ರತೆಗೆ ಅಪಾಯ, ತೆಗೆಯಿರಿ ಎಂದು ಸೇನೆ ಆಜ್ಞೆ ಹೊರಡಿಸಿತು. ಊರಿನವರು ಅವನ್ನು ಮನೆಯಿಂದ ಮನೆಗೆ ಸಾಗಿಸಿ ಅಡಗಿಸಿಟ್ಟರು. ಈ ಕತೆಯನ್ನು 2014ರ ‘ದ ವಾಂಟೆಡ್ 18’ ಸಾಕ್ಷ್ಯಚಿತ್ರದಲ್ಲಿ ಮಕ್ಕಳೊಡನೆ ಕೂತು ನೋಡಬಹುದು. ಹಾಲಿನ ಮುಷ್ಕರ ಮಾಡಿದ ಟ್ವೆಂಟೆಯ ರೈತರಿಗೆ ಆ ಹಸುಗಳ ಬೆಲೆ ಗೊತ್ತಾಗುತ್ತಿತ್ತು.

1989ರ ಸೆಪ್ಟೆಂಬರ್‌ನಲ್ಲಿ ಸೇನೆ ಊರನ್ನು ಸುತ್ತುವರಿಯಿತು. ಇತ್ಜಾಕ್ ರಾಬಿನ್ ಆಗ ರಕ್ಷಣಾ ಮಂತ್ರಿ. ಸುಮಾರು ಆರು ವಾರ ಕರ್ಫ್ಯೂ, ಟೆಲಿಫೋನು ಕಡಿತ. ತೆರಿಗೆ ಅಧಿಕಾರಿಗಳು ಮನೆಮನೆಗೆ ನುಗ್ಗಿ ಫ್ರಿಜ್ಜು, ಟಿವಿ, ಯಂತ್ರ, ಔಷಧದ ಅಂಗಡಿಯ ಸರಕು ಎಲ್ಲ ಹೊತ್ತುಕೊಂಡು ಹೋದರು. ಸಿದ್ದಾಪುರದ ಜಪ್ತಿಯ ಹಾಗೆಯೇ. ಅಕ್ಟೋಬರ್ 31ರಂದು ಮುತ್ತಿಗೆ ತೆಗೆದಾಗ ಮನೆಗಳು ಬರಿದಾಗಿದ್ದವು, ತೆರಿಗೆ ಮಾತ್ರ ಸಂದಾಯವಾಗಿರಲಿಲ್ಲ. ವಿಷಯ ವಿಶ್ವಸಂಸ್ಥೆಯ ಭದ್ರತಾ ಮಂಡಳಿಗೆ ಹೋಯಿತು. ನವೆಂಬರ್‌ನಲ್ಲಿ ಅಮೆರಿಕ ನಿರ್ಣಯವನ್ನು ವಿಟೋ ಮಾಡಿತು.

ಇದೇ ಕಾಲದಲ್ಲಿ, 1988ರಲ್ಲಿ, ಇಸ್ರೇಲಿಗಳೊಡನೆ ಮಾತುಕತೆಗೆಂದೇ ಊರಿನಲ್ಲಿ ಒಂದು ಕೇಂದ್ರ ಹುಟ್ಟಿತು. ಭೌತಶಾಸ್ತ್ರದ ಅಧ್ಯಾಪಕ ಘಸ್ಸಾನ್ ಅಂದೋನಿ ಅದರ ಪ್ರಮುಖರಲ್ಲಿ ಒಬ್ಬರು. ಅವರು ಇಸ್ರೇಲಿ ಕುಟುಂಬಗಳನ್ನು, ಮಕ್ಕಳ ಸಮೇತ, ತಮ್ಮ ಮನೆಗಳಿಗೆ ವಾರಾಂತ್ಯ ಕಳೆಯಲು ಕರೆದರು. ‘ರೊಟ್ಟಿ ಮುರಿಯೋಣ, ಮೂಳೆಯನ್ನಲ್ಲ’ ಎಂಬ ಅರ್ಥದ್ದು ಅವರ ಘೋಷಣೆ. ಸೈನ್ಯಕ್ಕೆ ತೆರಿಗೆ ಕೊಡದ ಮನೆ ಇಸ್ರೇಲಿ ಅತಿಥಿಗೆ ಊಟ ಕೊಟ್ಟಿತು. ಓವರ್‌ಡೌನ್ ಯುದ್ಧದ ನಂತರ ಮಾಡಿದ್ದನ್ನು, ಸಿದ್ದಾಪುರದ ತಾಯಂದಿರು ಕೊಂಡವನ ಅಂಗಳದಲ್ಲಿ ಮಾಡಿದ್ದನ್ನು, ಇವರು ಹೋರಾಟದ ನಡುವೆಯೇ ಮಾಡಿದರು.

ಜೆರುಸಲೆಮ್‌ನಿಂದ ಬೆಂಗಳೂರಿಗೆ

ಗಡಿಯ ಆಚೆಗಿದ್ದವರೂ ಸುಮ್ಮನಿರಲಿಲ್ಲ. 1988ರ ಜನವರಿಯಲ್ಲಿ ಜೆರುಸಲೆಮ್‌ನ ಕೆಲವು ಇಸ್ರೇಲಿ ಹೆಂಗಸರು ಕಪ್ಪು ಬಟ್ಟೆ ತೊಟ್ಟು ಪ್ರತಿ ಶುಕ್ರವಾರ ಒಂದು ಗಂಟೆ ವೃತ್ತದಲ್ಲಿ ಮೌನವಾಗಿ ನಿಲ್ಲತೊಡಗಿದರು. ಕೈಯಲ್ಲಿ ಆಕ್ರಮಿತ ಆಡಳಿತ ನಿಲ್ಲಿಸಿ ಎಂಬ ಫಲಕ. ದಾರಿಹೋಕರು ಬೈದರೂ ಉತ್ತರವಿಲ್ಲ. ‘ಕಪ್ಪುಡುಗೆಯ ಮಹಿಳೆಯರು’ ಎಂಬ ಈ ರೂಢಿ ಯುಗೊಸ್ಲಾವಿಯಾದ ಯುದ್ಧದ ವೇಳೆ ಬೆಲ್‌ಗ್ರೇಡ್‌ಗೆ ಹೋಯಿತು. 1990ರ ದಶಕದಲ್ಲಿ ನಮ್ಮ ಬೆಂಗಳೂರಿಗೂ ಬಂತು. 1979ರಲ್ಲಿ ಹುಟ್ಟಿದ ವಿಮೋಚನಾ ಸಂಘಟನೆಯ ಮಹಿಳೆಯರು ಕೋಮುಹಿಂಸೆಯ ವಿರುದ್ಧ, ಹೆಣ್ಣುಮಕ್ಕಳ ಮೇಲಿನ ಹಿಂಸೆಯ ವಿರುದ್ಧ ಕಪ್ಪುಡುಗೆಯಲ್ಲಿ ಮೌನವಾಗಿ ನಿಂತರು. ದಂಡಿ, ಅಂಕೋಲೆಗಳಲ್ಲಿ ಬೆಳೆದ ಒಂದು ರೀತಿ ಪಶ್ಚಿಮಕ್ಕೆ ಹೋಯಿತು ಎಂದು ನಾವು ಹೆಮ್ಮೆಪಡುತ್ತೇವೆ. ಇಸ್ರೇಲಿ ಹೆಂಗಸರು ಕಂಡುಕೊಂಡ ಇನ್ನೊಂದು ರೀತಿ ಕರ್ನಾಟಕಕ್ಕೆ ಬಂತು ಎಂಬುದನ್ನೂ ಸೇರಿಸಿ ಹೇಳಬೇಕು.

ಮುಂದಿನ ವರ್ಷಗಳನ್ನು ಚುಟುಕಾಗಿ ನೋಡೋಣ. 2003ರಲ್ಲಿ ಬುದ್ರುಸ್ ಎಂಬ ಹಳ್ಳಿಯ ಆಲಿವ್ ತೋಪುಗಳನ್ನು ಸೀಳಿಕೊಂಡು ಇಸ್ರೇಲಿನ ಪ್ರತ್ಯೇಕತಾ ಬೇಲಿ ಬರಲಿತ್ತು. ಅಯೆದ್ ಮೊರ್ರಾರ್ ಮುಂದಾಳುತನದಲ್ಲಿ ಪರಸ್ಪರ ಆಗದ ಫತಾಹ್, ಹಮಾಸ್ ಬೆಂಬಲಿಗರು ಒಟ್ಟಿಗೆ ನಿಂತರು. ಇಸ್ರೇಲಿ ಕಾರ್ಯಕರ್ತರು ಜೊತೆಗೂಡಿದರು. ಅಯೆದ್ ಅವರ ಹದಿಹರೆಯದ ಮಗಳು ಇಲ್ತಿಜಾಮ್ ಬುಲ್ಡೋಜರ್ ಎದುರು ಇಳಿದಳು. ಬೇಲಿ ಹಿಂದೆ ಸರಿದು ಹಳ್ಳಿಯ ಹೆಚ್ಚಿನ ಭೂಮಿ ಉಳಿಯಿತು. ಬಿಲಿನ್ ಹಳ್ಳಿಯಲ್ಲಿ 2005ರಿಂದ ಶುಕ್ರವಾರಗಳ ಪ್ರತಿಭಟನೆ. ದಾರಿ ಬದಲಿಸಿ ಎಂದು ಇಸ್ರೇಲಿನ ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟದ್ದು 2007ರಲ್ಲಿ, ಬೇಲಿ ಸರಿದದ್ದು 2011ರಲ್ಲಿ. ನಡುವೆ, 2009ರ ಏಪ್ರಿಲ್‌ನಲ್ಲಿ, ಬಾಸೆಮ್ ಅಬು ರಹ್ಮಾ ಎಂಬ ಯುವಕ ಅಶ್ರುವಾಯು ಶೆಲ್ ಎದೆಗೆ ಬಡಿದು ಸತ್ತ. ಗೆಲುವು ಬಂದಲ್ಲೂ ಪುಕ್ಕಟೆ ಬರಲಿಲ್ಲ.

1995ರಲ್ಲಿ ಇತ್ಜಾಕ್ ಫ್ರಾಂಕೆಂತಾಲ್ ಎಂಬ ಇಸ್ರೇಲಿ, ಹಮಾಸ್ ಕೊಂದ ತಮ್ಮ ಮಗನ ನೆನಪಿನಲ್ಲಿ ದುಃಖಿತ ಕುಟುಂಬಗಳ ಬಳಗ ಕಟ್ಟಿದರು. ಇಂದು ಅದರಲ್ಲಿ ಎರಡೂ ಕಡೆಯ 600ಕ್ಕೂ ಹೆಚ್ಚು ಕುಟುಂಬಗಳಿವೆ. ರಾಮಿ ಎಲ್ಹನಾನ್ ಅವರ ಮಗಳು ಸ್ಮದಾರ್ 1997ರಲ್ಲಿ ಜೆರುಸಲೆಮ್‌ನ ಆತ್ಮಹತ್ಯಾ ಬಾಂಬಿಗೆ ಬಲಿಯಾದಳು. ಬಸ್ಸಾಮ್ ಅರಾಮಿನ್ ಅವರ ಹತ್ತು ವರ್ಷದ ಮಗಳು ಅಬೀರ್ 2007ರಲ್ಲಿ ಶಾಲೆಯ ಬಳಿ ಇಸ್ರೇಲಿ ಗಡಿ ಪೊಲೀಸರ ರಬ್ಬರ್ ಗುಂಡಿಗೆ ಬಲಿಯಾದಳು. ಈ ಇಬ್ಬರು ತಂದೆಯರು ಜೊತೆಯಾಗಿ ಊರೂರು ತಿರುಗಿ ಇಬ್ಬರು ಮಕ್ಕಳ ಕತೆಯನ್ನೂ ಹೇಳುತ್ತಾರೆ.

ಅಕ್ಟೋಬರ್ 7ರ ನಂತರ

ವಿವಿಯನ್ ಸಿಲ್ವರ್ ಕೆನಡಾದಲ್ಲಿ ಹುಟ್ಟಿ ಇಸ್ರೇಲಿನಲ್ಲಿ ನೆಲೆಸಿದವರು. 2014ರಲ್ಲಿ ಹುಟ್ಟಿದ ‘ಶಾಂತಿಗಾಗಿ ಮಹಿಳೆಯರು’ ಚಳವಳಿಯ ಸಂಸ್ಥಾಪಕರಲ್ಲಿ ಒಬ್ಬರು. 2023ರ ಅಕ್ಟೋಬರ್ 4ರಂದು ಅವರ ಸಂಘಟನೆ ‘ಸೂರ್ಯನ ಹೆಣ್ಣುಮಕ್ಕಳು’ ಎಂಬ ಪ್ಯಾಲೆಸ್ಟೀನಿ ಮಹಿಳಾ ಸಂಘಟನೆಯೊಡನೆ ಸೇರಿ ಜೆರುಸಲೆಮ್ ಮತ್ತು ಮೃತ ಸಮುದ್ರದ ದಡದಲ್ಲಿ ದೊಡ್ಡ ಶಾಂತಿ ಸಭೆ ನಡೆಸಿತು. ಮೂರೇ ದಿನದಲ್ಲಿ ಹಮಾಸ್ ದಾಳಿಯಾಯಿತು. ಇಸ್ರೇಲಿನಲ್ಲಿ ಸುಮಾರು 1,200 ಜನ ಸತ್ತರು, ಸುಮಾರು 250 ಜನ ಒತ್ತೆಯಾಳುಗಳಾದರು. ಬೇರಿ ಕಿಬ್ಬುತ್ಸ್‌ನ ತನ್ನ ಮನೆಯಲ್ಲಿ ಸಿಲ್ವರ್ ಕೊಲೆಯಾದರು. ಆಮೇಲೆ ಗಾಜಾದ ಮೇಲೆ ಬಿದ್ದ ಯುದ್ಧದಲ್ಲಿ ಹತ್ತಾರು ಸಾವಿರ ಪ್ಯಾಲೆಸ್ಟೀನಿಯರು ಸತ್ತರು. ಅವರಲ್ಲಿ ಮಕ್ಕಳು ಸಾವಿರಾರು.

ಇದಾದ ಮೇಲೆ ಅಹಿಂಸೆಯ ಮಾತೆತ್ತುವುದು ಎಳಸುತನವೇ? ಸಿಲ್ವರ್ ಅವರ ಮಗ ಯೊನತನ್ ಝೈಗನ್ ತನ್ನ ಕೆಲಸ ಬಿಟ್ಟು ತಾಯಿಯ ಕೆಲಸಕ್ಕೆ ಇಳಿದರು. ಅದೇ ದಿನ ತಂದೆತಾಯಿ ಇಬ್ಬರನ್ನೂ ಕಳೆದುಕೊಂಡ ಮಾವೋಜ್ ಇನೋನ್, ಇಸ್ರೇಲಿ ಸೆರೆಯಲ್ಲಾದ ಹಿಂಸೆಯಿಂದ ಅಣ್ಣನನ್ನು ಕಳೆದುಕೊಂಡಿದ್ದ ಅಜೀಜ್ ಅಬು ಸಾರಾ ಜೊತೆ ದೇಶದೇಶ ಸುತ್ತುತ್ತಿದ್ದಾರೆ. ಎಲ್ಲಕ್ಕಿಂತ ಹೆಚ್ಚು ಕಳೆದುಕೊಂಡವರೇ ಈ ದಾರಿ ಬಿಟ್ಟಿಲ್ಲದಿರುವಾಗ, ಏನೂ ಕಳೆದುಕೊಳ್ಳದ ನಾವು ಎನ್ಸ್‌ಕೆಡೆಯ ಸೋಫಾದಲ್ಲಿ ಕೂತು ‘ಅಲ್ಲಿ ನಡೆಯುವುದಿಲ್ಲ’ ಎನ್ನುವುದು ಅಷ್ಟು ಸುಲಭವಾಗಬಾರದು.

ಮೂರು ಊರುಗಳಿಂದ ತಿಳಿಯುವುದು

ಸೋಲು ಗೆಲುವಿನ ಲೆಕ್ಕವನ್ನು ಪ್ರಾಮಾಣಿಕವಾಗಿ ಹಾಕೋಣ. ಟ್ವೆಂಟೆಯ ಮುಷ್ಕರ ದಿನಗಳಲ್ಲಿ ಮುರಿಯಿತು; ದೇಶವನ್ನು ಬಿಡಿಸಿದ್ದು ಮಿತ್ರಸೇನೆಯ ಟ್ಯಾಂಕುಗಳು. ಸಿದ್ದಾಪುರಕ್ಕೆ ಭೂಮಿ ಮರಳಲು ವರ್ಷಗಳು ಬೇಕಾದವು, ಜೊತೆಗೆ ತಮ್ಮದೇ ಒಂದು ಸರ್ಕಾರ ಬರಬೇಕಾಯಿತು. ಬೇತ್ ಸಾಹೂರ್‌ಗೆ ಅಂಥ ಸರ್ಕಾರ ಬರಲಿಲ್ಲ. ಇಂದಿಗೂ ಅದರ ಸುತ್ತ ಇಸ್ರೇಲಿ ವಸತಿಗಳು ಬೆಳೆಯುತ್ತಿವೆ. ಅಹಿಂಸೆ ತನ್ನಷ್ಟಕ್ಕೇ ಸಾಮ್ರಾಜ್ಯಗಳನ್ನು ಕೆಡವುತ್ತದೆ ಎಂದು ನಾನು ಹೇಳಲಾರೆ. ಹೊರಗಿನ ಜಗತ್ತು ಏನು ಮಾಡುತ್ತದೆ, ಕೋರ್ಟು, ಕಾಯಿದೆ, ವಿಟೋ ಯಾರ ಕೈಯಲ್ಲಿವೆ ಎಂಬುದರ ಮೇಲೆ ಬಹಳಷ್ಟು ನಿಂತಿದೆ.

ಆದರೆ ಆಯುಧ ಸಾಧಿಸದ ಒಂದನ್ನು ಈ ಮೂರೂ ಊರುಗಳು ಸಾಧಿಸಿದವು. ಜಗಳ ಮುಗಿದ ಮೇಲೂ ಆ ಜನ ಒಂದೇ ನೆಲದಲ್ಲಿ ಬದುಕಬೇಕು. ಎನ್‌ಎಸ್‌ಬಿಯವನ ಮಗ ಇದೇ ಎನ್ಸ್‌ಕೆಡೆಯ ಶಾಲೆಗೆ ಹೋಗಬೇಕು. ಜಪ್ತಿ ತೋಟ ಕೊಂಡವನ ಮನೆಗೂ ಸಿದ್ದಾಪುರದ ಮದುವೆಯ ಕರೆಯೋಲೆ ಹೋಗಬೇಕು. ಇಸ್ರೇಲಿಗಳೂ ಪ್ಯಾಲೆಸ್ಟೀನಿಯರೂ ಎಲ್ಲಿಗೂ ಹೋಗುವುದಿಲ್ಲ. ‘ಇಲ್ಲ’ ಎನ್ನುವಾಗಲೇ ಆ ದಿನಕ್ಕೆಂದು ಒಂದು ಬಾಗಿಲು ತೆರೆದಿಟ್ಟವರು ಈ ಲೇಖನದಲ್ಲಿ ಬಂದ ಜನ. ಅನ್ಯಾಯವನ್ನು ಒಪ್ಪಿಕೊಳ್ಳದೆ, ಅನ್ಯಾಯ ಮಾಡಿದವನ ಮನೆಯವರನ್ನು ದ್ವೇಷಿಸದೆ ಇರುವ ಈ ಎರಡು ಕೆಲಸ ಒಟ್ಟಿಗೆ ಮಾಡುವುದು ಕಷ್ಟ. ಒಂದನ್ನೇ ಮಾಡುವವರು ಎಲ್ಲೆಡೆ ಸಿಗುತ್ತಾರೆ.

ನಮ್ಮ ಸಂಘದ ಕುಟುಂಬಗಳಿಗೆ ನನ್ನದೊಂದು ಸಲಹೆ. ಎನ್ಸ್‌ಕೆಡೆಯ ಫೋಕ್ಸ್‌ಪಾರ್ಕ್‌ನಲ್ಲಿ ಶಿಲ್ಪಿ ಮಾರಿ ಆಂದ್ರೀಸನ್ ಅವರ ಯುದ್ಧಸ್ಮಾರಕವಿದೆ. ಅದರಲ್ಲಿ ಯಹೂದಿ ತಾಯಿಯೊಬ್ಬಳು ಮಗುವನ್ನು ಹಿಡಿದು ನಿಂತಿದ್ದಾಳೆ. ಮಕ್ಕಳನ್ನು ಅಲ್ಲಿಗೆ ಕರೆದೊಯ್ಯಿರಿ, ಸಿನಗಾಗ್‌ಗೂ ಕರೆದೊಯ್ಯಿರಿ. ಫೇಮಿಯ ಟೆಲಿಫೋನು, ಮಾವಿನಗುಂಡಿಯ ತಾಯಂದಿರು, ಬೇತ್ ಸಾಹೂರಿನ ಹಸು ಇವನ್ನು ಒಂದೇ ನಡಿಗೆಯಲ್ಲಿ ಹೇಳಿ ಮುಗಿಸಬಹುದು. ಇಸ್ರೇಲ್ ಸರಿಯೋ ಪ್ಯಾಲೆಸ್ಟೀನ್ ಸರಿಯೋ ಎಂದು ಅವರು ಕೇಳಿದರೆ, ಓವರ್‌ಡೌನ್ ಪಾದ್ರಿ 1943ರಲ್ಲಿ ಯಾರಿಗೆ ಬಾಗಿಲು ತೆರೆದರು, 1945ರಲ್ಲಿ ಯಾರಿಗೆ ತೆರೆದರು ಎಂಬುದನ್ನು ಮೊದಲು ಹೇಳಿ. ಉಳಿದ ಚರ್ಚೆ ಅಲ್ಲಿಂದ ಶುರುವಾಗಲಿ.